ಚಿಮಣಿಯಿಲ್ಲದ ಕಡಲು

ವೊಟ್‌ಫ್ಯೋರ್ಡ್
ಏಪ್ರಿಲ್ ೭, ೧೯೪೬

ರಾಗ್ನಾ,

ಲಕೋಟೆಯ ಮೇಲಿನ ಅಕ್ಷರ ನೋಡಿದ ಕೂಡಲೇ ನಿನ್ನ ಕಣ್ಣು ಒಲೆಯನ್ನು ಹುಡುಕಿರುತ್ತದೆ. ದಕ್ಷಿಣದಲ್ಲಿ ಯಾವುದೋ ಬೇಕರಿಯಲ್ಲಿದ್ದೀಯ ಎಂದು ಕೇಳಿದೆ, ಅಂದರೆ ಒಲೆಗಳಿಗೇನೂ ಬರವಿಲ್ಲ. ಸುಡುವುದಿದ್ದರೆ ಓದಿ ಸುಡು. ಓದದೆ ಸುಡುವ ಕೆಲಸವನ್ನು ಜರ್ಮನರು ನಮ್ಮ ಶಾಲೆಯಲ್ಲಿ ಮಾಡಿ ಮುಗಿಸಿದ್ದಾರೆ.

ಊರಿನ ಸಮಾಚಾರ ಕೇಳುತ್ತೀಯೇನೋ. ಸಮಾಚಾರ ಬೇಕಾದಷ್ಟಿದೆ, ಊರೇ ಇಲ್ಲ. ನಾನು ಮಗುಚಿ ಹಾಕಿದ ದೋಣಿಯ ಕೆಳಗೆ ಸಂಸಾರ ಹೂಡಿದ್ದೇನೆ. ಸಂಸಾರವೆಂದರೆ ನಾನು ಮತ್ತು ಒಂದು ಕೆಟಲು. ಬಿರೆತ್ ಅಜ್ಜಿ ಬದುಕಿದ್ದಾಳೆ, ಅವಳ ಪೈಪೂ ಬದುಕಿದೆ. ಹಿಮ್ಮೆಟ್ಟುವಾಗ ಜರ್ಮನರು ಊರು ಸುಟ್ಟ ಆ ಚಳಿಗಾಲವನ್ನು ನಾವೆಲ್ಲ ಬೆಟ್ಟದ ಹಿಂದೆ ಅವಳ ಮಣ್ಣಿನ ಗುಡಿಸಲಲ್ಲೇ ಕಳೆದೆವು. ಈಗ ನಾಲ್ಕು ಮನೆಯವರು ಮರಳಿದ್ದೇವೆ.

ಜರ್ಮನರು ಊರು ಖಾಲಿ ಮಾಡಿಸಿದ ಆ ದಿನ ಜೆಟ್ಟಿಯ ಮೇಲೆ ನೀನು "ದೋಣಿ ಹತ್ತು ಇಸಾಕ್" ಎಂದೆ. ನಾನು "ಓಡುವವನು ನಾನಲ್ಲ" ಎಂದೆ. "ಹಾಗಾದ್ರೆ ಇಲ್ಲೇ ಇದ್ದು ಹೊಗೆ ಹಾಕಿಸ್ಕೊ" ಎಂದು ನೀನು ಬೆನ್ನು ತಿರುಗಿಸಿದೆ. ಹೊಗೆಯನ್ನೇನೋ ಜರ್ಮನರು ಧಾರಾಳವಾಗಿಯೇ ಹಾಕಿದರು. ಹೊಗೆ ಹೋಯಿತು, ಹಗೆ ಉಳಿಯಿತೇ ಎಂದು ತಿಳಿಯಲು ಈ ಕಾಗದವಲ್ಲ. ನನಗೆ ಬೇರೆ ಕೆಲಸವಿದೆ.

ವಿಷಯ ನಿನ್ನ ಚಿಮಣಿಯದು. ಮನೆಗಳೆಲ್ಲ ಸುಟ್ಟರೂ ಚಿಮಣಿಗಳು ನಿಂತಿದ್ದವು. ಮರಳಿ ಬಂದವರಿಗೆ ಚಳಿ, ಒಲೆ ಕಟ್ಟಲು ಇಟ್ಟಿಗೆ ಬೇಕು. ಯಾರೂ ಇಲ್ಲದ ಮನೆಯೆಂದು ನಿನ್ನ ಚಿಮಣಿಯನ್ನೇ ಇಳಿಸಿ ಹಂಚಿಕೊಂಡೆವು. ಆಗ ನಮ್ಮ ಜಾಣತನಕ್ಕೆ ನಾವೇ ಬೆನ್ನು ತಟ್ಟಿಕೊಂಡೆವು. ಚಳಿಗಾಲದ ಬಿರುಗಾಳಿ ತಗ್ಗಿ ಮೊದಲ ದೋಣಿ ಇಳಿಸಿದ ದಿನ ಗೊತ್ತಾಯಿತು, ತಿಂದದ್ದು ಏನನ್ನೆಂದು.

ಪಾದ್ರಿಹೊಟ್ಟೆ ನೆನಪಿದೆಯಷ್ಟೆ? ಆಳ ಕಡಲಿನ ತಳದಲ್ಲಿ ಗುಂಡಗೆ ಉಬ್ಬಿ, ಮೀನು ಯಾವತ್ತೂ ಖಾಲಿಯಾಗದ ಆ ಒಂದು ಮುಳುಗುದಿಬ್ಬ. ನಿನ್ನ ಗಂಡ ಎಡ್ವರ್ಟ್ ಬದುಕಿದ್ದಾಗ ನಾವಿಬ್ಬರೂ ಒಂದೇ ದೋಣಿಯಲ್ಲಿ ಅಲ್ಲಿಂದಲೇ ಊಟ ತಂದದ್ದು. ನೀರುಕಾಗೆ ದ್ವೀಪವನ್ನು ಜಲಪಾತದ ಬಿಳಿ ದಾರಕ್ಕೆ ಹೊಂದಿಸಿಕೊಂಡು ಹುಟ್ಟು ಹಾಕುತ್ತ ಹೋಗುವುದು, ರಾಗ್ನಾ ಮನೆಯ ಚಿಮಣಿ ಹಲ್ಲುಬಿದ್ದಜ್ಜಿ ಬೆಟ್ಟದ ಸಂದಿಗೆ ಸರಿಯಾಗಿ ಬಂದಾಗ ನಿಲ್ಲುವುದು. ಈಗ ಹೋಗುವ ಗೆರೆ ಇದೆ, ನಿಲ್ಲುವ ಚುಕ್ಕಿ ಇಲ್ಲ. ಒಂದು ತಿಂಗಳಿಂದ ಗಾಳ ಹಾಕಿದರೆ ಗಾಳಿ ಸಿಗುತ್ತಿದೆ. ಬೆಟ್ಟಗಳ ನಡುವೆ ಒಳಚಾಚಿದ ಈ ಫ್ಯೋರ್ಡಿನ ತುಂಬ ಮೀನಿದೆ, ನಮ್ಮ ಒಲೆಗಳ ತುಂಬ ನಿನ್ನ ಇಟ್ಟಿಗೆ ಇದೆ, ಒಲೆಯ ಮೇಲಿನ ಪಾತ್ರೆಯಲ್ಲಿ ಬರೀ ಬಿಸಿನೀರು.

ಆ ಸಂದಿಯ ನೇರಕ್ಕೆ ಬರುವುದು ನಿನ್ನ ನೆಲ ಒಂದೇ. ಅಲ್ಲಿ ಬಿಳಿ ಬಣ್ಣ ಬಳಿದ ಕಂಬವೊಂದನ್ನು ನೆಡಲು ಅಪ್ಪಣೆ ಕೊಡು. ಒಡೆಯರ ಮಾತಿಲ್ಲದೆ ಅವರ ನೆಲದಲ್ಲಿ ಗುರುತು ನೆಟ್ಟರೆ ಆ ಗುರುತಿನಲ್ಲಿ ಸಿಕ್ಕ ಮೀನು ಗಂಟಲಲ್ಲಿ ಅಡ್ಡ ಕೂರುತ್ತದೆ ಎಂದು ಗೊತ್ತಲ್ಲ. ಚಿಮಣಿ ಕೆಡವುವಾಗ ಈ ನೀತಿ ಎಲ್ಲಿ ಹೋಗಿತ್ತು ಎಂದು ಕೇಳಬೇಡ. ಆಗ ಹಸಿವಾಗಿರಲಿಲ್ಲ, ಚಳಿಯಾಗಿತ್ತು.

ಎದುರು ದಡದ
ಇಸಾಕ್


ಲೆವಾಂಗರ್
ಮೇ ೫, ೧೯೪೬

ಇಸಾಕ್,

ಸುಡಲಿಲ್ಲ. ಬೇಕರಿಯ ಒಲೆಗೆ ಹಾಳುಮೂಳು ಹಾಕಬಾರದೆಂದು ಒಡತಿ ಔನೆಯ ಕಟ್ಟಪ್ಪಣೆ.

ನನ್ನ ಚಿಮಣಿಯನ್ನು ಹಂಚಿಕೊಂಡಿರಾ? ಅತ್ತೆಯವರ ಅಂತ್ಯಕ್ರಿಯೆಯ ಊಟವನ್ನೂ ಹೀಗೇ ಹಂಚಿಕೊಂಡಿರಿ, ನನಗೆ ಉಳಿದದ್ದು ಪಾತ್ರೆ ತೊಳೆಯುವುದು. ಯಾರ ಒಲೆಗೆ ಎಷ್ಟು ಹೋಯಿತು ಎಂದು ನಾನು ಕೇಳುವುದಿಲ್ಲ. ಆದರೆ ನೆರೆಮನೆಯ ಯೆನ್ಸನ ಹೆಂಡತಿಯ ಒಲೆಗೆ ಹೋದ ಇಟ್ಟಿಗೆಯ ಮೇಲೆ ಒಳ್ಳೆಯ ಅಡುಗೆ ಆಗಲಾರದು. ಇಟ್ಟಿಗೆಗೂ ಅಭಿಮಾನ ಇರುತ್ತದೆ.

ನಾನು ಚೆನ್ನಾಗಿದ್ದೇನೆ. ಬೆಳಗ್ಗೆ ಬ್ರೆಡ್ಡು ತಟ್ಟುತ್ತೇನೆ, ಸಂಜೆ ಕಾಲು ಚಾಚುತ್ತೇನೆ. ಕೋಣೆಯಲ್ಲೇ ನಲ್ಲಿ ಇದೆ. ನಲ್ಲಿ, ಇಸಾಕ್! ತಿರುಗಿಸಿದರೆ ನೀರು. ಮೂವತ್ತು ವರ್ಷ ಬಾವಿಯಿಂದ ಕೊಡಪಾನ ಹೊತ್ತ ನನ್ನ ಹೆಗಲು ಮೊದಲ ವಾರ ನಂಬಲೇ ಇಲ್ಲ. ಒಂದೇ ತೊಂದರೆ, ಇಲ್ಲಿ ಮರಗಳು ಜಾಸ್ತಿ. ಎಲ್ಲಿ ನೋಡಿದರೂ ಅಡ್ಡ ಬಂದು ನಿಲ್ಲುತ್ತವೆ. "ಎಷ್ಟು ಚೆಂದದ ಕಾಡು ಅಲ್ವಾ?" ಎಂದಳು ಔನೆ. "ಚೆಂದವೇ, ಆದ್ರೆ ಇದನ್ನ ಪಕ್ಕಕ್ಕೆ ಸರಿಸಿದ್ರೆ ಏನಾದ್ರೂ ಕಾಣ್ತಿತ್ತು" ಎಂದೆ. ಅವಳು ಒಂದು ದಿನವಿಡೀ ನನ್ನ ಜೊತೆ ಮಾತಾಡಲಿಲ್ಲ.

ಕಂಬಕ್ಕೆ ಅಪ್ಪಣೆ ಇಲ್ಲ. ಸುಟ್ಟ ಮನೆಯ ಮೇಲೆ ಬಿಳಿ ಕಂಬ ನೆಟ್ಟರೆ ಅದು ಗೋರಿ. ನಾನಿನ್ನೂ ಸತ್ತಿಲ್ಲ. ಇನ್ನೂ ಒಂದು ಮಾತು. ಕಂಬ ನಿಂತ ಮರುವರ್ಷವೇ ಆ ಜಾಗಕ್ಕೆ ಕಂಬದಮೂಲೆ ಎಂದು ಹೆಸರಾಗುತ್ತದೆ. ನಮ್ಮವರು ಹೆಸರಿಡುವುದು ಹೇಗೆಂದು ನನಗೆ ಗೊತ್ತಿಲ್ಲವೇ? ನೀರಿಳಿದಾಗ ಮಾತ್ರ ತಲೆ ತೋರಿಸುವ ಬಂಡೆಗೆ ಎರಡನೇ ಹೆಂಡತಿ ಎಂದು ಹೆಸರಿಟ್ಟ ಜನ. ಬದುಕಿರುವವಳ ಮನೆ ಕಂಬದ ಹೆಸರಿನಲ್ಲಿ ಉಳಿಯುವುದು ನನಗೆ ಬೇಡ.

ನಾನು ಮರಳಿ ಬರುವುದಿಲ್ಲ. ನೀನು ಕೇಳಲಿಲ್ಲ, ಗೊತ್ತು. ಸುಮ್ಮನೆ ಹೇಳಿದೆ.

ರಾಗ್ನಾ

ಹಿತ್ತಲಿನ ರುಬಾರ್ಬ್ ಗಿಡ ಚಿಗುರಿದೆಯೇ?


ವೊಟ್‌ಫ್ಯೋರ್ಡ್
ಜೂನ್ ೨೦, ೧೯೪೬

ರಾಗ್ನಾ,

ಚಿಗುರಿದೆ. ಬೂದಿ ಅದಕ್ಕೆ ಬಹಳ ಹಿಡಿಸಿದ ಹಾಗಿದೆ, ಎಲೆ ಕೊಡೆಯಷ್ಟಾಗಿದೆ. ಹುಳಿ ದಂಟನ್ನು ಸಕ್ಕರೆ ಇಲ್ಲದೆ ತಿಂದು ಊರಿಗೆ ಊರೇ ಮುಖ ಹಿಂಡಿಕೊಂಡು ತಿರುಗುತ್ತಿದೆ.

ಪಾದ್ರಿಹೊಟ್ಟೆ ಸಿಕ್ಕಿಲ್ಲ. ದಾರಕ್ಕೆ ಸೀಸದ ಗುಂಡು ಕಟ್ಟಿ ಗೆರೆಯುದ್ದಕ್ಕೂ ಇಳಿಬಿಡುತ್ತ ಹೋಗಿದ್ದೇವೆ. ದಾರ ಮುಗಿಯುತ್ತದೆ, ಕಡಲು ಮುಗಿಯುವುದಿಲ್ಲ. ಆದರೆ ಇದಕ್ಕಿಂತ ದೊಡ್ಡ ಸಂಗತಿಯೊಂದಿದೆ. ಕುಳಿತು ಓದು.

ಮೊನ್ನೆ ಮರುನಿರ್ಮಾಣದ ಇಂಜಿನಿಯರ್ ಬಂದಿದ್ದ. ಹೊಸ ಬೂಟು, ಹಳೆಯ ನಕ್ಷೆ. ಬಂಡೆಯ ಮೇಲೆ ನಕ್ಷೆ ಹಾಸಿ ಪೆನ್ಸಿಲು ಕಿವಿಯ ಮೇಲಿಟ್ಟುಕೊಂಡು ಹೆಸರುಗಳನ್ನೆಲ್ಲ ಕೇಳತೊಡಗಿದ. ಟ್ರೊಮ್ಸೊದಲ್ಲಿ ಎರಡು ವರ್ಷ ಓದಿ ಬಂದ ಮೇಷ್ಟರಲ್ಲವೇ ನಾನು, ಗಂಟಲು ಸರಿಮಾಡಿಕೊಂಡೆ.

"ವೊಟ್ ಅಂದ್ರೆ ಕೈಗವಸು ಸ್ವಾಮಿ. ನಾಲ್ಕು ಬೆರಳಿನ ಗೂಡು ನೇರ ಒಳಗೆ ಹೋಗಿದೆ, ಹೆಬ್ಬೆರಳು ಪಕ್ಕಕ್ಕೆ ತಿರುಗಿದೆ. ಬೆಟ್ಟ ಹತ್ತಿ ನೋಡಿ, ಯಾವನೋ ದೈತ್ಯ ಬಿಚ್ಚಿಟ್ಟು ಮರೆತ ಹಾಗಿದೆ."

ಬಿರೆತ್ ಅಜ್ಜಿ ಪೈಪು ಬಾಯಿಂದ ತೆಗೆದಳು. "ದೈತ್ಯನೂ ಇಲ್ಲ ಗಿತ್ಯನೂ ಇಲ್ಲ. ಇಲ್ಲಿನ ಮೂಲದೋರು ನಾವು, ಸಾಮಿ ಜನ, ಮೊದ್ಲಿಂದ್ಲೂ ನಮ್ಮ ಮಾತಲ್ಲಿ ವುವೊತ್ನಾ ಅಂತಿದ್ವಿ. ಇವರ ಕಡೆಯೋರು ಆಮೇಲೆ ಬಂದ್ರು, ಚಳಿಯಾಯ್ತು ಅಂತ ಗವಸು ಹಾಕ್ಕೊಂಡ್ರು."

"ವುವೊತ್ನಾ ಅಂದ್ರೇನಜ್ಜಿ?" ಎಂದ ಇಂಜಿನಿಯರ್.

"ಫ್ಯೋರ್ಡು."

"ಯಾವ ಫ್ಯೋರ್ಡು?"

"ಇದೇ."

"ಅಲ್ಲ ಅಜ್ಜಿ, ಬೇರೆ ಫ್ಯೋರ್ಡುಗಳೂ ಇವೆಯಲ್ಲ, ಅದಕ್ಕೂ ಇದಕ್ಕೂ ವ್ಯತ್ಯಾಸ ಬೇಡ್ವಾ?"

"ಇಲ್ಲಿ ಇಷ್ಟು ಮೀನಿರೋವಾಗ ಬೇರೆ ಫ್ಯೋರ್ಡಿಗೆ ಯಾಕಪ್ಪ ಹೋಗ್ಬೇಕು ನಾವು?"

ಅಂದರೆ ಅವಳ ಲೆಕ್ಕದಲ್ಲಿ ನಮ್ಮ ಊರು ಫ್ಯೋರ್ಡುಫ್ಯೋರ್ಡು, ಮಗುವಿಗೆ ಮಗು ಎಂದೇ ಹೆಸರಿಟ್ಟಂತೆ. ನಾನು ಶಾಲೆಯಲ್ಲಿ ಇಷ್ಟು ವರ್ಷ ಕಲಿಸಿದ ಕೈಗವಸಿಗೆ ತೂತು ಬಿತ್ತು. ಇಂಜಿನಿಯರ್ ಎರಡನ್ನೂ ಬರೆದುಕೊಂಡ. ಅವನು ಕೆಟ್ಟವನಲ್ಲ. ನಕ್ಷೆ ಮಡಚಿಟ್ಟ ಮೇಲೆ ಮೆಲ್ಲಗೆ ಹೇಳಿದ: "ನೋಡಿ ಮೇಷ್ಟ್ರೇ, ಎಲ್ಲರನ್ನೂ ಫ್ಯೋರ್ಡಿನ ಹೊರಗೆ ಹೊಸದಾಗಿ ಕಟ್ಟೋ ಬಂದರಿಗೆ ಸಾಗಿಸೋದು ಅಂತ ಮೇಲಿನವರ ಯೋಜನೆ. ಮೀನು ಸಿಗದ ಕಡೆ, ಜನ ವಾಪಸ್ ಬರದ ಕಡೆ ಸರ್ಕಾರ ಜೆಟ್ಟಿ ಯಾಕೆ ಕಟ್ಟತ್ತೆ? ಮುಂದಿನ ಬೇಸಿಗೆಗೆ ಬರ್ತೀನಿ. ಅಷ್ಟರಲ್ಲಿ ದೋಣಿ ತುಂಬ್ಬೇಕು, ಖಾಲಿ ಮೂಲೆಗಳಲ್ಲಿ ಮನೆ ಏಳ್ಬೇಕು. ಇಲ್ಲಾಂದ್ರೆ ನಕ್ಷೆಯಲ್ಲಿ ಹೆಸರು ಉಳಿಯತ್ತೆ, ಇಲ್ಲಿ ನೀವು ಉಳಿಯಲ್ಲ."

ಆಮೇಲೆ ನಿನ್ನ ಮೂಲೆಯತ್ತ ಕೈ ತೋರಿಸಿದ. "ಅದು ಯಾರದ್ದು?"

"ರಾಗ್ನಾಳದ್ದು."

"ಎಲ್ಲಿದ್ದಾರೆ?"

"ಬ್ರೆಡ್ ತರೋಕೆ ಹೋಗಿದ್ದಾಳೆ."

ಸುಳ್ಳಲ್ಲವಲ್ಲ. ಎಷ್ಟು ದೂರ ಎಂದು ಅವನು ಕೇಳಲಿಲ್ಲ, ನಾನು ಹೇಳಲಿಲ್ಲ. ಮರಳುವವರ ಸಾಲಿನಲ್ಲಿ ನಿನ್ನ ಹೆಸರು ಬರೆದುಕೊಂಡು ಹೋದ. ನೀನು ಬಯ್ಯುತ್ತೀಯ. ಸ್ವಲ್ಪ ಉದ್ದವಾಗಿಯೇ ಬಯ್ದು ಬರೆ, ಇಲ್ಲಿ ಓದಲು ಬೇರೇನೂ ಇಲ್ಲ.

ಇಸಾಕ್


ಲೆವಾಂಗರ್
ಜುಲೈ ೧೮, ೧೯೪೬

ಮಹಾಶಯ ಇಸಾಕ್ ಮೇಷ್ಟರೇ,

ಉದ್ದವಾಗಿ ಬಯ್ಯಲು ಕೂತೆ. ಮೂರು ಸಾಲಿಗೆ ಮುಗಿಯಿತು, ಆದ್ದರಿಂದ ಹರಿದುಹಾಕಿದೆ. ಸಿಟ್ಟು ಮೊದಲಿನಷ್ಟು ಬಾಳಿಕೆ ಬರುತ್ತಿಲ್ಲ. ವಯಸ್ಸಾಯಿತೋ, ಇಲ್ಲಿನ ಗೋಧಿ ಹಿಟ್ಟು ಮೆತ್ತಗೋ.

ಹಿಟ್ಟಿನ ಮಾತು ಬಂದದ್ದಕ್ಕೆ ಹೇಳುತ್ತೇನೆ. ಹೋದ ವಾರ ಔನೆ ನನ್ನನ್ನು ಕೂರಿಸಿಕೊಂಡು ಹೇಳಿದಳು, "ನಂಗೆ ಮಕ್ಕಳಿಲ್ಲ, ನಿಂಗೆ ಮನೆ ಇಲ್ಲ. ಬೇಕರಿಯಲ್ಲಿ ಅರ್ಧ ಪಾಲು ತಗೊ. ಬೋರ್ಡಲ್ಲಿ ನಿನ್ನ ಹೆಸರೂ ಬರೆಸ್ತೀನಿ. ಚಳಿಗಾಲದೊಳಗೆ ಹೇಳು." ಬೋರ್ಡಿನಲ್ಲಿ ನನ್ನ ಹೆಸರು! ಎಡ್ವರ್ಟನ ಹೆಂಡತಿ ಎಂದಲ್ಲ, ಎಡ್ವರ್ಟನ ಅಮ್ಮನ ಸೊಸೆ ಎಂದಲ್ಲ. ನಾನು ರಾತ್ರಿಯಿಡೀ ನಿದ್ದೆ ಮಾಡಿದೆ. ಸಂತೋಷವಾದರೆ ನನಗೆ ನಿದ್ದೆ ಬರುತ್ತದೆ, ನಿನಗೆ ಗೊತ್ತು.

ಮರುದಿನ ಅವಳು "ಅಂದ ಹಾಗೆ ನಿನ್ನೂರು ಇರೋದೆಲ್ಲಿ?" ಎಂದಳು. ಮೇಜಿನ ಮೇಲೆ ಹಿಟ್ಟು ಹರಡಿತ್ತು. ಬೆರಳಿನಿಂದ ಗೆರೆ ಎಳೆದೆ. ಇದು ಬಾಯಿ, ಇದು ಸುಳ್ಳುಗಾರನ ಮೂಲೆ, ಇಲ್ಲಿಗೆ ಫ್ಯೋರ್ಡು ಮುಗಿಯಿತು ಅನ್ನಿಸುತ್ತದೆ, ತಿರುಗಿದರೆ ಇನ್ನೂ ಇಡೀ ಗವಸು ಬಾಕಿ ಇರುತ್ತದೆ. ಇದು ಒದ್ದೆಬೆನ್ನು, ಇದು ಹಲ್ಲುಬಿದ್ದಜ್ಜಿ, ಇದು ಬಿಳಿ ದಾರ, ಇದು ಇಸಾಕನ ದಡ, ಬಿಸಿಲು ಮಾತ್ರ ಮೊದಲು ನನ್ನ ದಡಕ್ಕೆ ಬರುತ್ತದೆ. ಮೇಜು ಸಾಲದೆ ಪಕ್ಕದ ಹಲಗೆಗೂ ಹೋದೆ. ಔನೆ ನಕ್ಕಳು, "ಮೂಲೆ ಮೂಲೆಗೂ ಒಂದೊಂದು ಹೆಸರಿಟ್ಟಿದ್ದೀರಲ್ಲೇ, ಕಲ್ಲನ್ನೂ ಬಿಟ್ಟಿಲ್ಲ." ಕಲ್ಲನ್ನು ಬಿಟ್ಟರೆ ಅಲ್ಲಿ ಬೇರೇನಿದೆ ಎಂದೆ. ಒಲೆಯಲ್ಲಿದ್ದ ಬ್ರೆಡ್ಡು ಸೀದುಹೋಯಿತು. ನಾನು ಬ್ರೆಡ್ಡು ಸೀಯಿಸಿದ್ದು ಅದೊಂದೇ ಸಲ.

ಕಂಬಕ್ಕೆ ಈಗಲೂ ಅಪ್ಪಣೆ ಇಲ್ಲ. ಹೊಗೆಗೆ ಇದೆ. ಅಲ್ಲಿ ಇದ್ದದ್ದು ಹೊಗೆಯೇ ತಾನೇ? ನನ್ನ ಒಲೆಗಲ್ಲು ಹಾಗೇ ಇದ್ದರೆ ಅದರ ಮೇಲೆ ಜೌಗಿನಿಂದ ಅಗೆದ ಹಸಿ ಹುಲ್ಲುಹೆಂಟೆ ಉರಿಸಿ. ಯಾರಾದರೂ ಕೂತು ನೋಡಿಕೊಳ್ಳಲಿ. ಬದುಕಿರುವವರ ಕೈಯಿಂದ ಏಳುವ ಹೊಗೆ ಗೋರಿಯಾಗುವುದಿಲ್ಲ.

ರಾಗ್ನಾ


ವೊಟ್‌ಫ್ಯೋರ್ಡ್
ಆಗಸ್ಟ್ ೨೫, ೧೯೪೬

ರಾಗ್ನಾ,

ಸಿಕ್ಕಿತು! ಪಾದ್ರಿಹೊಟ್ಟೆ ಸಿಕ್ಕಿತು! ಗಾಳಿಯೇ ಇಲ್ಲದ ಒಂದು ಬೆಳಗ್ಗೆ ನಿನ್ನ ಒಲೆಗಲ್ಲಿನ ಮೇಲೆ ಬಿರೆತ್ ಅಜ್ಜಿಯನ್ನು ಕೂರಿಸಿ ನಾವು ಹೋದೆವು. ಹೊಗೆ ನೂಲು ಹಿಡಿದಂತೆ ಎದ್ದು ಸಂದಿಗೆ ಸರಿಯಾಗಿ ಬಂತು. ಸೀಸದ ಗುಂಡು ಇಳಿಬಿಟ್ಟರೆ ಅರ್ಧ ದಾರಕ್ಕೇ ಧಡ್ ಎಂದಿತು. ಯೆನ್ಸ್ ದೋಣಿಯಲ್ಲೇ ಎದ್ದು ಕುಣಿದ, ನಾಲ್ವರೂ ನೀರಿಗೆ ಬೀಳುವುದರಲ್ಲಿದ್ದೆವು. ಕಾಡ್ ಮೀನು ದೋಣಿಯ ಅಂಚಿನವರೆಗೆ. ಜೊತೆಗೆ ಬಾಗಿಲಿನಷ್ಟು ಅಗಲದ ಒಂದು ಚಪ್ಪಟೆ ಹ್ಯಾಲಿಬಟ್ ಮೀನು. ಬಾಗಿಲೇ ಇಲ್ಲದ ನನಗೆ ಅದನ್ನು ಅಡುಗೆಗೆ ಕಳಿಸುವುದೋ, ಕೀಲು ಬಡಿಯುವುದೋ ಎಂದು ಕ್ಷಣ ಹೊತ್ತು ಗೊಂದಲವಾಯಿತು.

ಮರುದಿನ ನೈಋತ್ಯದ ಗಾಳಿ ಬೀಸಿತು. ಹೊಗೆ ಬಾಗಿತು, ನಾವೂ ಅದರ ಹಿಂದೆಯೇ ಬಾಗಿಕೊಂಡು ಹೋಗಿ ಖಾಲಿ ಕಡಲಿನಲ್ಲಿ ಲಂಗರು ಹಾಕಿದೆವು. ಅದರ ಮರುದಿನ ಗಾಳಿ ಇನ್ನೊಂದು ಕಡೆಗೆ, ನಾವೂ ಇನ್ನೊಂದು ಕಡೆಗೆ. ದಡಕ್ಕೆ ಬಂದು ಅಜ್ಜಿಯನ್ನು ದಬಾಯಿಸಿದೆ.

"ಅಜ್ಜೀ, ಹೊಗೆ ನೆಟ್ಟಗೆ ಬಿಡೋಕಾಗಲ್ವಾ?"

"ನಂದು ನೆಟ್ಟಗೇ ಇದೆ ಕಣೋ" ಎಂದು ಪೈಪಿನ ಹೊಗೆ ನನ್ನ ಮುಖಕ್ಕೇ ಬಿಟ್ಟಳು. "ಹೊಗೆ ನಂಬಿ ದೋಣಿ ಬಿಟ್ಟೋನು, ಗಂಟಲು ನಂಬಿ ಮದುವೆಗೆ ಬಂದ ಹಾಡುಗಾರ, ಇಬ್ರೂ ಉಪವಾಸ. ಇಲ್ಲಿಗೆ ಬೇಕಾಗಿರೋದು ಚಿಮಣಿ. ಚಿಮಣಿಗೆ ಬೇಕಾಗಿರೋದು ಮನೆ. ಮನೆಗೆ ಬೇಕಾಗಿರೋದು ಏನು ಅಂತ ನನ್ನ ಬಾಯಲ್ಲಿ ಹೇಳಿಸ್ಬೇಡ, ಹಲ್ಲಿಲ್ಲ."

ಈಗ ನಾನು ಬರೆಯಬೇಕೆಂದುಕೊಂಡ ವಿಷಯಕ್ಕೆ ಬರುತ್ತೇನೆ. ಭಾನುವಾರ ಪ್ರಾರ್ಥನೆ ಮುಗಿಸಿ ನಿನ್ನ ಮೂಲೆಯ ಕಡೆ ನೋಡಿದರೆ ಯೆನ್ಸನ ಹೆಂಡತಿ ಲಂಗದ ಮಡಿಲಲ್ಲಿ ಇಟ್ಟಿಗೆ ಹೊತ್ತು ನಡೆಯುತ್ತಿದ್ದಾಳೆ. ತನ್ನ ಒಲೆಯನ್ನು ತಾನೇ ಕಿತ್ತಿದ್ದಾಳೆ. "ಚಳಿ ಬರೋಕೆ ಮುಂಚೆ ಇದೇನಮ್ಮಾ?" ಎಂದೆ. "ಇವು ಅವಳದ್ದು. ನನ್ನ ಸೂಪು ಇದರ ಮೇಲೆ ಕುದಿಯೋದೇ ಇಲ್ಲ" ಎಂದಳು. ನಿನ್ನ ಕಾಗದದ ಮಾತು ನಾನು ಯಾರಿಗೂ ಹೇಳಿಲ್ಲ, ದೇವರಾಣೆ. ಸಂಜೆಯ ಹೊತ್ತಿಗೆ ನಾಲ್ಕೂ ಮನೆಯವರು ತಂದು ಪೇರಿಸಿದರು. ಈಗ ಎಲ್ಲರೂ ಬಯಲಿನಲ್ಲಿ ಮೂರು ಕಲ್ಲಿಟ್ಟು ಅಡುಗೆ ಮಾಡುತ್ತಿದ್ದಾರೆ. ಬಯಲೂಟದ ಸುಖವೇ ಬೇರೆ ಎಂದು ನಡುಗುತ್ತ ಹೇಳುತ್ತಾರೆ.

ಬರೀ ಚಿಮಣಿ ಕಟ್ಟಿದರೆ ಮೊದಲ ಬಿರುಗಾಳಿಗೆ ಮಲಗುತ್ತದೆ. ಮನೆ ಕಟ್ಟಲು ಮರ ಕೊಡುವುದು ಅದರಲ್ಲಿ ವಾಸವಿರುವ ಒಡೆಯರಿಗೆ ಮಾತ್ರ ಎಂದು ಇಂಜಿನಿಯರ್ ಹೇಳಿದ್ದಾನೆ. ಇದಿಷ್ಟು ವಿಷಯ. ನಾನು ಏನನ್ನೂ ಕೇಳುತ್ತಿಲ್ಲ. ಔನೆ ಒಳ್ಳೆಯವಳು. ಬೋರ್ಡಿನಲ್ಲಿ ಹೆಸರು ಎಲ್ಲರಿಗೂ ಬರುವುದಿಲ್ಲ.

ಇಸಾಕ್


ಲೆವಾಂಗರ್
ಅಕ್ಟೋಬರ್ ೨೭, ೧೯೪೬

ಇಸಾಕ್,

ಮೂರು ಕಾಗದ ಬರೆದು ಕಳಿಸಲಿಲ್ಲ. ಇದು ನಾಲ್ಕನೆಯದು, ಅಂಚೆಗೆ ಔನೆಯೇ ಹಾಕುತ್ತಾಳಂತೆ. ನನ್ನ ಕೈಗೆ ಕೊಟ್ಟರೆ ಹಿಟ್ಟಿನ ಡಬ್ಬಿಯ ಕೆಳಗೆ ಸೇರುತ್ತದೆ ಎಂದು ಅವಳಿಗೆ ತಿಳಿದುಹೋಗಿದೆ.

ಯೆನ್ಸನ ಹೆಂಡತಿಗೆ ಹೇಳು, ಅವಳು ಇಟ್ಟಿಗೆಯನ್ನು ಕೂಡಲೇ ವಾಪಸ್ಸು ಒಯ್ದು ಒಲೆ ಕಟ್ಟಿಕೊಳ್ಳಬೇಕು. ಎಲ್ಲರಿಗೂ ಹೇಳು. ಬೇಸಿಗೆಗೆ ಮುಂಚೆ ನನಗೆ ಇಟ್ಟಿಗೆ ಬೇಕಾಗುವುದಿಲ್ಲ. ಈ ವಾಕ್ಯವನ್ನು ಎರಡು ಸಲ ಓದಬೇಡ. ಬರುತ್ತೇನೆ ಎಂದು ನಾನು ಬರೆದಿಲ್ಲ. ಬಂದರೆ ಎಂದು ಮುಂದಿನದನ್ನೆಲ್ಲ ಬರೆಯುತ್ತಿದ್ದೇನೆ. ನಿನ್ನ ಇಂಜಿನಿಯರನಿಗೆ ಬಂದರು ಹೇಗೋ ನನಗೆ ಬಂದರೆ ಹಾಗೆ, ಇಬ್ಬರೂ ಇನ್ನೂ ಕಟ್ಟಿಲ್ಲ.

ಬಂದರೆ, ನನ್ನ ಮನೆ ಹಳೆಯ ಜಾಗದಲ್ಲಿ ಬೇಡ. ಈಗ ಹಲ್ಲು ಕಡಿಯುತ್ತಿದ್ದೀಯ. ಕಡಿ. ಆ ಜಾಗ ಹುಡುಕಿದ್ದು ಅತ್ತೆಯ ಗಂಡ, ಕಟ್ಟಿದ್ದು ಅವರ ಹಟ. ಗಾಳಿ ಫ್ಯೋರ್ಡಿನ ಬಾಯಿಂದ ಹೊರಟರೆ ಮೊದಲು ತಟ್ಟುವುದು ನನ್ನ ಅಡುಗೆಮನೆಯ ಬಾಗಿಲನ್ನೇ. ಬಾವಿ ಇರುವುದು ಇಳಿಜಾರಿನ ಆಚೆ ತುದಿಯಲ್ಲಿ. ಮದುವೆಯಾದ ವಾರವೇ ಎಡ್ವರ್ಟನನ್ನು ಕೇಳಿದೆ, "ಬಾವಿ ಹತ್ರ ಕಟ್ಟಿದ್ರೆ ಏನಾಗ್ತಿತ್ತು?" ಅವನು ಗಾಬರಿಯಿಂದ ನನ್ನ ಮುಖ ನೋಡಿ, "ಮನೆ ಸರಿಸಿದ್ರೆ ಊರು ಮೀನು ಹಿಡಿಯೋದು ಹೇಗೆ?" ಎಂದ. ಮೂವತ್ತು ವರ್ಷ ನಾನು ಮೀನಿಗೆ ಗುರುತಾಗಿ ಗಾಳಿಯಲ್ಲಿ ನಿಂತೆ. ಯಾರೂ ಒಮ್ಮೆಯೂ, ರಾಗ್ನಾ ನಿನಗೆ ಅಲ್ಲಿ ಚಳಿಯಾಗುವುದಿಲ್ಲವೇ ಎಂದು ಕೇಳಲಿಲ್ಲ. ನೀನೂ ಕೇಳಲಿಲ್ಲ.

ಔನೆ ನನ್ನನ್ನು ಎಲ್ಲಿ ಮಲಗುತ್ತೀ, ಯಾವ ಕಿಟಕಿ ಬ್ರೆಡ್ಡಿನ ಮೇಜಿಗೆ ಬೇಕು ಎಂದು ಕೇಳುತ್ತಾಳೆ. ಹಾಗಾಗಿ ನನಗೂ ಕೇಳಿಸಿಕೊಳ್ಳುವ ಅಭ್ಯಾಸವಾಗಿಬಿಟ್ಟಿದೆ. ಬಂದರೆ, ನನ್ನ ಮನೆ ಬಾವಿಯ ಪಕ್ಕ. ಕಿಟಕಿ ಕಡಲಿನ ಕಡೆ. ಇದಕ್ಕೆ ಫ್ಯೋರ್ಡು ಒಪ್ಪದಿದ್ದರೆ ನಾನು ಇಲ್ಲೇ ಬೋರ್ಡಿನ ಮೇಲೆ ಇರುತ್ತೇನೆ.

ರಾಗ್ನಾ


ವೊಟ್‌ಫ್ಯೋರ್ಡ್
ಡಿಸೆಂಬರ್ ೧, ೧೯೪೬

ರಾಗ್ನಾ,

ನಿನ್ನ ಕಾಗದವನ್ನು ಎಲ್ಲರ ಮುಂದೆ ಓದಿದೆ. ಆಮೇಲೆ ಯೆನ್ಸ್, "ಬಾವಿ ಪಕ್ಕ ಅಂದ್ರೆ ಚಿಮಣಿ ಸಂದಿಯಿಂದ ಆಚೆ ಹೋಗತ್ತೆ. ಹೊಟ್ಟೆ ಮತ್ತೆ ಕಳ್ಕೊಳ್ತೀವಿ" ಎಂದ. ಅವನ ಹೆಂಡತಿ ಅವನ ಪಕ್ಕೆಗೆ ತಿವಿದ ಸದ್ದು ನಿನಗೆ ಲೆವಾಂಗರಿನಲ್ಲೇ ಕೇಳಿಸಿರಬೇಕು. "ಅವಳು ಅಲ್ಲಿ ಗಾಳಿ ತಿಂದಿದ್ದಕ್ಕೆ ನೀನಿಲ್ಲಿ ಮೀನು ತಿಂದೆ. ಇನ್ನು ಕಡಲು ಸ್ವಲ್ಪ ಹೊಂದ್ಕೊಳ್ಳಲಿ" ಎಂದಳು.

ನಾನು ಬೆಳಗಾಗುವವರೆಗೆ ಕೆಟಲಿನ ಜೊತೆ ಯೋಚಿಸಿದೆ. ಬೆಳಗಾಗುವವರೆಗೆ ಅನ್ನುವುದು ರೂಢಿಯ ಮಾತು. ಈ ತಿಂಗಳು ಇಲ್ಲಿ ಬೆಳಗು ಅಂತ ಏನಿದೆ, ದಕ್ಷಿಣದ ಆಕಾಶ ಊಟದ ಹೊತ್ತಿಗೆ ಒಂದಷ್ಟು ನೀಲಿಯಾಗಿ ಮತ್ತೆ ಮುಸುಕೆಳೆದುಕೊಳ್ಳುತ್ತದೆ. ಆ ನೀಲಿಯಲ್ಲೇ, ಗಾಳಿ ಬಿದ್ದ ದಿನ ನೋಡಿ ಹೊರಟೆವು. ಅಜ್ಜಿ ಹಳೆಯ ಒಲೆಗಲ್ಲಿನ ಮೇಲೆ ಹೊಗೆ ಹಾಕಿದಳು. ಯೆನ್ಸನ ಹೆಂಡತಿ ನಿನ್ನ ಬಾವಿಯ ಪಕ್ಕ ಲಾಟೀನು ಎತ್ತಿ ಹಿಡಿದು ನಿಂತಳು. ಹೊಗೆಯ ಗುರುತು ಹಿಡಿದು ಹೊಟ್ಟೆಯ ಮೇಲೆ ಲಂಗರು ಬಿಟ್ಟೆವು. ಅಲ್ಲಿಂದ ಹೊಗೆಯನ್ನು ನೋಡುವುದು ಬಿಟ್ಟು ಲಾಟೀನನ್ನು ನೋಡಿದೆವು.

ಅದರ ಹಿಂದೆ ಬೆಟ್ಟದಲ್ಲಿ ಒಂದು ಬೂದು ಬಂಡೆ ಇದೆ ರಾಗ್ನಾ. ನೆಟ್ಟಗೆ, ಅಗಲವಾಗಿ, ಹಿಮ ಕೂರದ ಬಂಡೆ. ಹುಟ್ಟಿದಾಗಿನಿಂದ ಎದುರಿಗೇ ಇತ್ತು. ಯಾರಿಗೂ ಅದರಿಂದ ಕೆಲಸವಿರಲಿಲ್ಲ, ಆದ್ದರಿಂದ ಯಾರೂ ಅದಕ್ಕೆ ಹೆಸರಿಟ್ಟಿಲ್ಲ. ನಾಲ್ವರೂ ಒಬ್ಬರ ಮುಖ ಒಬ್ಬರು ನೋಡಿಕೊಂಡೆವು. ಲಾಟೀನು ಅದರ ಎಡಗಡೆಯ ಅಂಚಿಗೆ ತಾಗಿದಂತಿತ್ತು. ಬಾವಿಯ ಪಕ್ಕ ಚಿಮಣಿ ಎದ್ದರೆ ಅದೂ ಅಲ್ಲಿಗೇ ತಾಗುತ್ತದೆ. ಗುರುತು ಸರಿಯುವುದಿಲ್ಲ, ಬದಲಾಗುತ್ತದೆ, ಅಷ್ಟೇ. ಮೀನಿಗೆ ಗೊತ್ತೂ ಆಗುವುದಿಲ್ಲ.

ಕಟ್ಟು, ನಿನಗೆ ಬೇಕಾದಲ್ಲಿ ಕಟ್ಟು. ಕಟ್ಟದಿದ್ದರೂ ಸರಿ. ಆ ಗಾಳಿ ನಿನಗೆ ಚಳಿಯಾಗಿತ್ತೆಂದು ನನಗೆ ಗೊತ್ತಿತ್ತು. ನನ್ನ ದಡದಿಂದ ನಿನ್ನ ಅಡುಗೆಮನೆ ಬಾಗಿಲು ಕಾಣುತ್ತಿತ್ತು, ನೀನು ಅದನ್ನು ಭುಜದಿಂದ ಒತ್ತಿ ಮುಚ್ಚುವುದೂ ಕಾಣುತ್ತಿತ್ತು. ಅದು ಎಡ್ವರ್ಟನ ಬಾಗಿಲು. ಎದುರು ದಡದವನು ಏನು ಕೇಳಬಹುದಿತ್ತು?

ಇಸಾಕ್


ವೊಟ್‌ಫ್ಯೋರ್ಡ್
ಜೂನ್ ೧೫, ೧೯೪೭

ಇಸಾಕ್,

ಈಗ ಕಾಗದ ಬರೆಯುವ ದಡದವಳು ನಾನು, ದೂರದಲ್ಲಿರುವವನು ನೀನು. ಶಾಲೆಗೆ ಬೆಂಚು ಕೇಳಲು ಟ್ರೊಮ್ಸೊಕ್ಕೆ ಹೋಗಲು ನಿನಗೆ ವರ್ಷವಿಡೀ ಸಮಯವಿತ್ತು. ನನ್ನ ಸ್ಟೀಮರು ಬರುವ ಹಿಂದಿನ ವಾರವೇ ಹೊರಡಬೇಕಾಯಿತೇ? "ಓಡುವವನು ನಾನಲ್ಲ ಅಂದಿದ್ನಂತೆ" ಎಂದು ಬಿರೆತ್ ಅಜ್ಜಿ ಜೆಟ್ಟಿಯ ಮೇಲೇ ನಕ್ಕಳು. "ಜರ್ಮನರಿಗೆ ಹೆದರಿ ಓಡ್ಲಿಲ್ಲ ಕಣೇ, ನಿನ್ನ ಟ್ರಂಕಿಗೆ ಹೆದರಿ ಓಡಿದ."

ಔನೆ ಬೋರ್ಡಿನಲ್ಲಿ ನನ್ನ ಹೆಸರು ಬರೆಸಿಯೇ ಬಿಟ್ಟಳು. ಆಮೇಲೆ ಆ ತುಂಡನ್ನು ಕತ್ತರಿಸಿ ನನ್ನ ಕೈಗೆ ಕೊಟ್ಟು, "ಅಲ್ಲಿ ಬ್ರೆಡ್ ಮಾಡೋರು ಯಾರೂ ಇಲ್ಲ ಅಂದ್ಯಲ್ಲ, ಹೋಗಿ ಬಾಗಿಲಿಗೆ ಹಾಕ್ಕೊ" ಎಂದಳು. ಇಬ್ಬರೂ ಅತ್ತೆವು. ಅವಳ ಮರಗಳೂ ಆ ದಿನ ಅಷ್ಟೇನೂ ಅಡ್ಡ ಬರಲಿಲ್ಲ.

ಮನೆ ಎದ್ದಿದೆ. ಗೋಡೆ ಮೂರು, ನಾಲ್ಕನೆಯದು ಈ ವಾರ. ಚಿಮಣಿ ಪೂರ್ತಿಯಾಗಿದೆ, ಇಟ್ಟಿಗೆಗೆ ಯೆನ್ಸನ ಹೆಂಡತಿಯ ಸೂಪಿನ ವಾಸನೆ ಇದೆ. ಬಾವಿ ಬಾಗಿಲಿಗೇ ತಾಗಿದೆ. ನಿನ್ನೆ ನನ್ನನ್ನು ದೋಣಿಯಲ್ಲಿ ಕೂರಿಸಿಕೊಂಡು ಹೊಟ್ಟೆಯ ಮೇಲೆ ಕರೆದೊಯ್ದರು. ನನ್ನ ಮನೆ ಕಡಲಿನಿಂದ ಹೇಗೆ ಕಾಣುತ್ತದೆಂದು ನಾನು ನೋಡಿದ್ದು ಇದೇ ಮೊದಲು. ಚಿಕ್ಕದು. ಆದರೆ ಅದು ಇಲ್ಲದಿದ್ದರೆ ಏನೂ ಕಾಣುವುದಿಲ್ಲ.

ಇಂಜಿನಿಯರ್ ಸೋಮವಾರ ಬಂದಿದ್ದ. ಅವನ ಬೂಟು ಹಳೆಯದಾಗಿದೆ, ನಕ್ಷೆ ಹೊಸದು. ಮೀನು ಒಣಗಲು ಹಾಕಿದ ಚಪ್ಪರಗಳನ್ನು ನೋಡಿದ, ಮನೆಗಳನ್ನು ನೋಡಿದ, ಹೊರಗಿನ ಬಂದರಿನ ಮಾತು ಎತ್ತಲೇ ಇಲ್ಲ. ಜೆಟ್ಟಿ ಎಲ್ಲಿ ಬೇಕು ಎಂದು ಕೇಳಿದ. ಫ್ಯೋರ್ಡಿಗೆ ನೀನು ಹೇಳಿದ ಹೆಸರು, ಅಜ್ಜಿ ಹೇಳಿದ ಹೆಸರು ಎರಡನ್ನೂ ಬರೆದಿದ್ದಾನೆ, ಹಾಗಾಗಿ ನೀವಿಬ್ಬರೂ ಸಾಯುವವರೆಗೆ ಜಗಳವಾಡಬಹುದು. ಆಮೇಲೆ ಆ ಬೂದು ಬಂಡೆಯತ್ತ ಪೆನ್ಸಿಲು ತೋರಿಸಿದ.

"ಗುರುತಿಗೆ ಹಿಡಿದ ಬಂಡೆ ಅದೇ ಅಲ್ವಾ? ಹೆಸರೇನು?"

ಯಾರೂ ಇನ್ನೂ ಇಟ್ಟಿರಲಿಲ್ಲ. ನಾನು ಬಾಯಿ ತೆರೆಯುವ ಮೊದಲೇ ಅಜ್ಜಿ ಹೇಳಿಬಿಟ್ಟಳು. "ಇಸಾಕ್."

"ಇಸಾಕ್ ಅಂದ್ರೆ?"

"ಬಂಡೆ."

"ಬಂಡೆ ಗೊತ್ತಾಯ್ತಜ್ಜಿ. ಈ ಹೆಸರು ಹೇಗೆ ಬಂತು?"

"ನೋಡು ತಮ್ಮಾ. ಅಷ್ಟು ವರ್ಷ ಇವಳ ಮನೆ ಎದುರಿಗೇ ನಿಂತಿತ್ತು. ಮಳೆ ಬಂತು, ಹಿಮ ಬಂತು, ಜರ್ಮನರು ಬಂದ್ರು, ಅಲ್ಲಾಡ್ಲಿಲ್ಲ. ಒಂದು ಮಾತೂ ಆಡ್ಲಿಲ್ಲ. ಬೇರೆ ಯಾವ ಹೆಸರು ಇಡೋಕಾಗತ್ತೆ?"

ಎಲ್ಲರೂ ನನ್ನ ಮುಖ ನೋಡಿದರು. ನನ್ನ ಮುಖ ಹೇಗಿತ್ತೋ ನನಗೆ ಗೊತ್ತಿಲ್ಲ, ಇಂಜಿನಿಯರ್ ಬಗ್ಗಿ ಬರೆದುಕೊಂಡ. ನಾನು ಬೇಡ ಎನ್ನಲಿಲ್ಲ, ಇಸಾಕ್.

ಈಗ ಇಡೀ ಫ್ಯೋರ್ಡು ದಿನವೂ ಬೆಳಗ್ಗೆ ಅದನ್ನು ಗಟ್ಟಿಯಾಗಿ ಹೇಳಿಕೊಂಡೇ ಹುಟ್ಟು ಹಾಕುತ್ತದೆ: ಬಿಳಿ ದಾರದ ಗೆರೆ ಹಿಡಿದು ಹೋಗು, ರಾಗ್ನಾಳ ಚಿಮಣಿ ಇಸಾಕನಿಗೆ ಒರಗಿದ ಕೂಡಲೇ ಲಂಗರು ಬಿಡು. ಹೊಸದಾಗಿ ಬಂದ ಎರಡು ಮನೆಯವರಿಗೂ ಇದನ್ನೇ ಕಲಿಸಿದ್ದಾರೆ. ನಗುವವರು ನಗುತ್ತಾರೆ, ಆದರೆ ದೋಣಿ ತುಂಬಿ ಬರುತ್ತದೆ.

ನಕ್ಷೆ ಅಚ್ಚಾಗುವುದು ಶರತ್ಕಾಲಕ್ಕಂತೆ. ನಿನಗೆ ಅಭ್ಯಂತರವಿದ್ದರೆ ಅಷ್ಟರೊಳಗೆ ಬಂದು ಹೇಳು.

ಇಲ್ಲದಿದ್ದರೆ ಇನ್ನೂ ಬೇಗ ಬಾ.

ರಾಗ್ನಾ